ಯುದ್ಧ ಬೇಡ ಅಂದ ಪುಸ್ತಕಗಳು ಒಂದಾದರೂ ಯುದ್ಧ ನಿಲ್ಲಿಸಿವೆಯಾ?

ಬೆಳಗಿನ_ಓದು

ಅಕ್ಕನ ಮಗಳಿಗೆ ಹದಿನಾರು ವರ್ಷ. ಕಳೆದ ತಿಂಗಳು ನನ್ನ ಕಪಾಟಿನಿಂದ ಜರ್ಮನ್ ಲೇಖಕ ರೆಮಾರ್ಕ್‌ನ 'ಆಲ್ ಕ್ವಯಟ್ ಆನ್ ದ ವೆಸ್ಟರ್ನ್ ಫ್ರಂಟ್' ತಗೊಂಡು ಹೋಗಿದ್ದಳು, ಮೊದಲ ಮಹಾಯುದ್ಧದ ಕಾದಂಬರಿ. ಮೊನ್ನೆ ವಾಪಸ್ ಕೊಡುವಾಗ ಕೇಳಿದಳು: "ಮಾಮ, ಇದು 1929ರ ಪುಸ್ತಕ. ಲಕ್ಷಗಟ್ಟಲೆ ಜನ ಓದಿದ್ರು ಅಂತೀಯ. ಹತ್ತು ವರ್ಷಕ್ಕೆ ಇನ್ನೊಂದು ಮಹಾಯುದ್ಧ ಶುರುವಾಯ್ತಲ್ಲ. ಮತ್ತೇನು ಉಪಯೋಗ ಆಯ್ತು?"

ನನಗೆ ಉತ್ತರ ಹೊಳೆಯಲಿಲ್ಲ. "ಪುಸ್ತಕಕ್ಕೆ ಹಾಗೆಲ್ಲ ಲೆಕ್ಕ ಹಾಕಬಾರದು" ಅಂತ ಏನೋ ಹೇಳಿ ಜಾರಿಕೊಂಡೆ. ಜಾರಿಕೊಂಡದ್ದು ಅವಳಿಗೆ ಗೊತ್ತಾಯಿತು.

ನೀವಾಗಿದ್ದರೆ ಏನು ಹೇಳುತ್ತಿದ್ದಿರಿ? ದಯವಿಟ್ಟು "ಸಾಹಿತ್ಯ ಮನಸ್ಸನ್ನು ಅರಳಿಸುತ್ತದೆ" ಥರದ ಭಾಷಣ ಬೇಡ. ಅದನ್ನು ನಾನೇ ಮಾಡಬಲ್ಲೆ.

ಒಣಮಾತು

ಹುಡುಗಿ ಹೇಳಿದ್ದು ಸರಿಯಾಗಿದೆ. ನಿಲ್ಲಿಸಿಲ್ಲ. ಒಂದನ್ನೂ ನಿಲ್ಲಿಸಿಲ್ಲ.

ಆಸ್ಟ್ರಿಯಾದ ಲೇಖಕಿ ಬರ್ತಾ ಫಾನ್ ಸುಟ್ನರ್ 1889ರಲ್ಲಿ 'ಆಯುಧ ಕೆಳಗಿಡಿ' ಅನ್ನುವ ಅರ್ಥದ ಹೆಸರಿಟ್ಟು ಕಾದಂಬರಿ ಬರೆದರು. ಯುರೋಪಿನ ಎಷ್ಟೋ ಭಾಷೆಗಳಿಗೆ ಅನುವಾದ ಆಯಿತು. 1905ರಲ್ಲಿ ಅವರಿಗೆ ಶಾಂತಿ ನೊಬೆಲ್ ಬಂತು. ಅವರು ತೀರಿಕೊಂಡದ್ದು 1914ರ ಜೂನ್ 21ಕ್ಕೆ. ಸರಿಯಾಗಿ ಒಂದು ವಾರಕ್ಕೆ ಸರಾಯೆವೊದಲ್ಲಿ ಆಸ್ಟ್ರಿಯಾದ ಯುವರಾಜನ ಮೇಲೆ ಗುಂಡು ಹಾರಿತು. ಮುಂದಿನದು ಗೊತ್ತೇ ಇದೆ, ಮೊದಲ ಮಹಾಯುದ್ಧ.

ಇನ್ನೂ ಹಿಂದಕ್ಕೆ ಹೋಗೋಣ. ಪ್ರಾಚೀನ ಗ್ರೀಸಿನ ಅಥೆನ್ಸಿನವರು ಮೆಲೋಸ್ ಅನ್ನುವ ಸಣ್ಣ ದ್ವೀಪವನ್ನು ಮುತ್ತಿ ಗಂಡಸರನ್ನೆಲ್ಲ ಕೊಂದರು, ಹೆಂಗಸರು ಮಕ್ಕಳನ್ನು ಗುಲಾಮರಾಗಿ ಮಾರಿದರು. ಅದರ ಬೆನ್ನಿಗೇ ಕ್ರಿ.ಪೂ. 415ರಲ್ಲಿ ನಾಟಕಕಾರ ಯೂರಿಪಿಡೀಸ್ ಅದೇ ಅಥೆನ್ಸಿನ ಜನರೆದುರು 'ಟ್ರೋಜನ್ ವುಮೆನ್' ಆಡಿಸಿದ. ಸೋತ ಟ್ರಾಯ್‌ನ ಹೆಂಗಸರು ಯಾರ ಪಾಲಿಗೆ ಯಾರು ಅಂತ ಹಂಚಿಹೋಗುವ ಕಥೆ. ಪ್ರೇಕ್ಷಕರು ನೋಡಿದರು. ಸ್ಪರ್ಧೆಯಲ್ಲಿ ಎರಡನೇ ಬಹುಮಾನ ಕೊಟ್ಟರು. ಅದೇ ಬೇಸಿಗೆಯಲ್ಲಿ ಸಿಸಿಲಿಯ ಮೇಲೆ ದಂಡೆತ್ತಿ ಹಡಗು ಹತ್ತಿದರು.

ಇಷ್ಟು ಸಾಕಲ್ವಾ?

ಎರಡನೇ_ಸಾಲು

ಈ ಪ್ರಶ್ನೆಯನ್ನು ಅಮೆರಿಕದ ಲೇಖಕ ವಾನೆಗಟ್‌ನ 'ಸ್ಲಾಟರ್‌ಹೌಸ್-ಫೈವ್' ಮೊದಲ ಅಧ್ಯಾಯದಲ್ಲೇ ಎತ್ತುತ್ತದೆ. ಯುದ್ಧದ ವಿರುದ್ಧ ಪುಸ್ತಕ ಬರೀತಿದ್ದೀನಿ ಅಂದಾಗ ಒಬ್ಬ ಸಿನಿಮಾದವನು ಕೇಳುತ್ತಾನೆ, ಅದರ ಬದಲು ಹಿಮನದಿಯ ವಿರುದ್ಧ ಒಂದು ಪುಸ್ತಕ ಬರೆಯಬಾರದಾ ಅಂತ. ಎರಡನ್ನೂ ನಿಲ್ಲಿಸೋಕೆ ಆಗಲ್ಲ ಅನ್ನೋದು ಅವನ ಮಾತು. ವಾನೆಗಟ್ ಅದನ್ನು ಒಪ್ಪುತ್ತಾನೆ. ಒಪ್ಪಿಕೊಂಡೇ ಪುಸ್ತಕ ಮುಂದುವರಿಸುತ್ತಾನೆ. ಅಂದರೆ ಯುದ್ಧ ನಿಲ್ಲಿಸ್ತೀನಿ ಅನ್ನುವ ಆಸೆ ಅವನಿಗೆ ಶುರುವಿನಿಂದಲೂ ಇರಲಿಲ್ಲ.

ಅದೇ ಅಧ್ಯಾಯದಲ್ಲಿ ಇನ್ನೊಂದು ದೃಶ್ಯ ಇದೆ. ನನಗೆ ಇಡೀ ಪುಸ್ತಕಕ್ಕಿಂತ ಅದೇ ಜಾಸ್ತಿ ಇಷ್ಟ. ಎರಡನೇ ಮಹಾಯುದ್ಧದಲ್ಲಿ ಜರ್ಮನಿಯ ಡ್ರೆಸ್ಡೆನ್‌ನಲ್ಲಿ ಜೊತೆಗೆ ಸೆರೆಯಾಳಾಗಿದ್ದ ಗೆಳೆಯನ ಮನೆಗೆ ವಾನೆಗಟ್ ಹೋಗುತ್ತಾನೆ. ಇಬ್ಬರೂ ಕೂತು ಹಳೆಯ ನೆನಪು ಕೆದಕಿದರೆ ಪುಸ್ತಕಕ್ಕೆ ಏನಾದರೂ ಸಿಗಬಹುದು ಅಂತ. ಗೆಳೆಯನ ಹೆಂಡತಿ ಮುಖ ಗಂಟಿಕ್ಕಿಕೊಂಡಿದ್ದಾಳೆ. ಅಡುಗೆಮನೆಯ ಮೇಜಿನ ಹತ್ತಿರ, ಕಣ್ಣು ಕುಕ್ಕುವ ದೀಪದ ಕೆಳಗೆ ಇಬ್ಬರನ್ನೂ ಕೂರಿಸಿದ್ದಾಳೆ. ಐಸ್ ಟ್ರೇಯನ್ನು ಸಿಂಕಿಗೆ ಬಡಿಯುತ್ತಾಳೆ. ಕೊನೆಗೆ ಒಡೆದು ಹೇಳುತ್ತಾಳೆ: ನೀವಾಗ ಇನ್ನೂ ಮಕ್ಕಳು. ಆದರೆ ಪುಸ್ತಕದಲ್ಲಿ ಹಾಗೆ ಬರೆಯಲ್ಲ, ದೊಡ್ಡ ಗಂಡಸರು ಅನ್ನೋ ಹಾಗೆ ಬರೀತೀರಿ. ಸಿನಿಮಾ ಬರುತ್ತೆ, ದೊಡ್ಡ ನಟರು ಪಾತ್ರ ಮಾಡ್ತಾರೆ, ಯುದ್ಧ ಚೆನ್ನಾಗಿ ಕಾಣುತ್ತೆ, ಇನ್ನಷ್ಟು ಯುದ್ಧ ಆಗುತ್ತೆ. ಹೋಗೋರು ಮತ್ತೆ ಮಕ್ಕಳೇ.

ವಾನೆಗಟ್ ಅವಳಿಗೆ ಮಾತು ಕೊಡುತ್ತಾನೆ. ಪುಸ್ತಕಕ್ಕೆ 'ಮಕ್ಕಳ ಧರ್ಮಯುದ್ಧ' ಅನ್ನುವ ಇನ್ನೊಂದು ಹೆಸರೂ ಇಡುತ್ತಾನೆ. ಪುಸ್ತಕ ಅರ್ಪಿಸಿದ ಇಬ್ಬರಲ್ಲಿ ಅವಳೂ ಒಬ್ಬಳು.

ನಿವೃತ್ತ_ಸಿಪಾಯಿ

ನಾನು ಹತ್ತೊಂಬತ್ತಕ್ಕೆ ಸೇರಿದವನು. ಆ ಹೆಂಗಸು ಹೇಳಿದ್ದು ಅಕ್ಷರಶಃ ನಿಜ. ಆ ವಯಸ್ಸಿನಲ್ಲಿ ಯುದ್ಧದ ಪುಸ್ತಕ ಕೊಟ್ಟರೆ ಹುಡುಗರು ಓದುವುದೇ ಬೇರೆ ಥರ. ನಮ್ಮ ಬ್ಯಾರಕ್ಕಿನಲ್ಲಿ ಇದೇ ರೆಮಾರ್ಕ್ ಪುಸ್ತಕ ಕೈಯಿಂದ ಕೈಗೆ ಓಡಾಡಿತ್ತು, ರಟ್ಟು ಹರಿದಿತ್ತು. ಎಲ್ಲರಿಗೂ ಇಷ್ಟವಾದದ್ದು ಯಾವ ಭಾಗ ಗೊತ್ತಾ? ಕಥೆ ಹೇಳುವ ಪಾಲ್ ಮತ್ತು ಅವನ ಹಿರಿಯ ಜೊತೆಗಾರ ಕಾಟ್ ಇಬ್ಬರೂ ರಾತ್ರಿ ಹೆಬ್ಬಾತು ಕದ್ದು ಸುಟ್ಟು ತಿನ್ನುವುದು. ಯಾರೂ ಅತ್ತಿದ್ದು ನೋಡಿಲ್ಲ. ನಾನೂ ಅಳಲಿಲ್ಲ.

ನಲವತ್ತು ದಾಟಿದ ಮೇಲೆ ಮತ್ತೆ ಓದಿದೆ. ಮೊದಲ ಪುಟದಲ್ಲೇ ನಿಂತುಬಿಟ್ಟೆ. ಅಲ್ಲಿ ಏನೂ ಭಯಂಕರ ನಡೆಯುವುದಿಲ್ಲ. ಎಲ್ಲರೂ ಹೊಟ್ಟೆ ತುಂಬ ಉಂಡು ಖುಷಿಯಾಗಿದ್ದಾರೆ. ಯಾಕೆ ಅಂದರೆ ಅಡುಗೆಯವನು 150 ಜನಕ್ಕೆ ಬೇಯಿಸಿದ್ದಾನೆ, ವಾಪಸ್ ಬಂದಿರುವವರು 80. ಅಡುಗೆಯವನಿಗೆ ಪೂರ್ತಿ ಬಡಿಸಲು ಮನಸ್ಸಿಲ್ಲ. ಲೆಕ್ಕ ತಪ್ಪುತ್ತದೆ ಅಂತಾನೆ. ಇವರು ಜಗಳವಾಡಿ ಹಾಕಿಸಿಕೊಳ್ಳುತ್ತಾರೆ. ಎರಡು ಪಾಲು ಊಟ, ಎರಡು ಪಾಲು ಹೊಗೆಸೊಪ್ಪು. ಹಸಿದವನಿಗೆ ಆ ಹೊತ್ತಿಗೆ ಎಪ್ಪತ್ತು ಜನ ನೆನಪಾಗುವುದಿಲ್ಲ. ಇದನ್ನು ಹೊರಗಿನಿಂದ ನೋಡಿದವನು ಬರೆಯಲಾರ.

ಕೆಚ್ಚೆದೆ

ಸುಮ್ನೆ ಒಂದು ಮಾತು. ಇಂಥ ಪುಸ್ತಕಗಳು ಹೇಡಿತನ ಕಲಿಸುತ್ತವೆ. ಗಡಿಯಲ್ಲಿ ಯಾರೋ ಎಚ್ಚರ ಇದ್ದಾರೆ ಅಂತಲೇ ನಾವು ಹಾಸಿಗೆಯಲ್ಲಿ ಕೂತು ಪುಸ್ತಕದ ಬಗ್ಗೆ ಹರಟುತ್ತಿರುವುದು. ಸೈನಿಕರಿಗೆ ಇದು ಅವಮಾನ.

ನಿವೃತ್ತ_ಸಿಪಾಯಿ

ತಮ್ಮಾ, ನನಗೇನೂ ಅವಮಾನ ಆಗಿಲ್ಲ.

ಬರೆದವರು ಯಾರು ಅಂತ ಒಮ್ಮೆ ನೋಡು. ರೆಮಾರ್ಕ್ 1917ರಲ್ಲಿ ಶೆಲ್ ಚೂರು ತಾಗಿ ಆಸ್ಪತ್ರೆ ಸೇರಿದವನು. 'ಕ್ಯಾಚ್-22' ಬರೆದ ಜೋಸೆಫ್ ಹೆಲರ್ ಬಾಂಬರ್ ವಿಮಾನದಲ್ಲಿ 60 ಸಲ ಹಾರಿದವನು. ಇಂಗ್ಲಿಷ್ ಕವಿ ವಿಲ್ಫ್ರೆಡ್ ಓವೆನ್ ಶೆಲ್ ಶಾಕ್ ಆಗಿ, ಅಂದರೆ ಯುದ್ಧದ ಆಘಾತಕ್ಕೆ ಮನಸ್ಸು ಕದಡಿ, ಆಸ್ಪತ್ರೆಗೆ ಬಂದಿದ್ದ. ಅಲ್ಲೇ ಉಳಿಯುವ ದಾರಿ ಹುಡುಕಬಹುದಿತ್ತು. ವಾಪಸ್ ಹೋದ. ಮಿಲಿಟರಿ ಕ್ರಾಸ್ ಪಡೆದ. 1918ರ ನವೆಂಬರ್ 4ಕ್ಕೆ ಸತ್ತ. ವಯಸ್ಸು 25. ಇನ್ನೊಂದು ವಾರ ಕಳೆದಿದ್ದರೆ ಯುದ್ಧ ಮುಗಿಯುತ್ತಿತ್ತು. ತಾಯಿಗೆ ತಂತಿ ತಲುಪಿದ್ದು ಯುದ್ಧ ನಿಂತ ದಿನ.

ಇವರಲ್ಲಿ ಯಾರು ಹೇಡಿ ಅಂತ ನೀನೇ ಹೇಳು.

ಹಳಗನ್ನಡದ_ಹುಚ್ಚು

ಎಲ್ಲ ಸರಿ, ಆದರೆ ರನ್ನನ ಗದಾಯುದ್ಧವನ್ನು ಯಾಕೆ ಯಾರೂ ಎತ್ತಲಿಲ್ಲ? ಹತ್ತನೇ ಶತಮಾನದ ಕೊನೆಯ ಭಾಗದ ಕವಿ. ಅವನ ದೊರೆ ಚಾಳುಕ್ಯ ಸತ್ಯಾಶ್ರಯ. ಭೀಮನೇ ಸತ್ಯಾಶ್ರಯ ಅನ್ನುವ ಹಾಗೆ ಹೊಂದಿಸಿ ಬರೆದ ಕಾವ್ಯ ಅದು. ಕಾವ್ಯದ ಇನ್ನೊಂದು ಹೆಸರೇ ಸಾಹಸಭೀಮವಿಜಯ. ಅಂದರೆ ಗೆದ್ದವನ ಕಡೆಯ ಕಾವ್ಯ, ಆಸ್ಥಾನದ ಕಾವ್ಯ.

ಆದರೆ ಓದುವಾಗ ಮನಸ್ಸು ಹೋಗಿ ನಿಲ್ಲುವುದು ದುರ್ಯೋಧನನ ಹತ್ತಿರ. ಎಲ್ಲ ಮುಗಿದಿದೆ. ಸಂಜಯನ ಜೊತೆ ಭೀಷ್ಮರನ್ನು ನೋಡಲು ಕಳದ ನಡುವೆ ನಡೆದು ಹೋಗುತ್ತಿದ್ದಾನೆ. ಸತ್ತ ಆನೆಗಳು, ಮುರಿದ ರಥಗಳು, ನೆತ್ತರು. ಕಾಲಿಡಲು ಜಾಗ ಇಲ್ಲ. ಒಂದೊಂದೇ ಹೆಣ ಎದುರಾಗುತ್ತದೆ. ದ್ರೋಣ. ಆಮೇಲೆ ಅಭಿಮನ್ಯು. ಶತ್ರುವಿನ ಮಗ, ಆದರೂ ಇವನು ಕೈ ಮುಗಿಯುತ್ತಾನೆ. ನಿನ್ನಂಥ ಸಾವು ನನಗೂ ಬರಲಿ ಅನ್ನುತ್ತಾನೆ. ಆಮೇಲೆ ಸ್ವಂತ ಮಗ ಲಕ್ಷಣಕುಮಾರ. ಅಪ್ಪನಿಗೆ ಮಗ ತರ್ಪಣ ಬಿಡಬೇಕು, ಇಲ್ಲಿ ನಾನೇ ನಿನಗೆ ಬಿಡುವ ಹಾಗಾಯಿತಲ್ಲ, ಕ್ರಮವನ್ನೇ ತಿರುಗುಮುರುಗು ಮಾಡಿಬಿಟ್ಟೆಯಾ ಮಗನೇ ಅಂತ ಕೇಳುತ್ತಾನೆ. ಆಮೇಲೆ ದುಶ್ಶಾಸನ. ಆಮೇಲೆ ಕರ್ಣ.

ದೊರೆಯ ಹೊಗಳಿಕೆಗೆ ಹೊರಟ ಕವಿ ಸೋತವನ ಜೊತೆ ಇಷ್ಟು ದೂರ ಯಾಕೆ ನಡೆದ? ನನಗೆ ಇವತ್ತಿಗೂ ಅದು ಸೋಜಿಗ. ಯುದ್ಧವಿರೋಧಿ ಸಾಹಿತ್ಯ ಅಂದಕೂಡಲೇ 1914ರ ನಂತರದ ಯುರೋಪು ಮಾತ್ರ ನೆನಪಾಗಬಾರದು ಅಂತ ಇಷ್ಟು ಬರೆದೆ. ಕುವೆಂಪು ಅವರ 'ಸ್ಮಶಾನ ಕುರುಕ್ಷೇತ್ರಂ' ಕೂಡ ಇದೆ, ಹೆಸರೇ ಅರ್ಧ ಮಾತು ಹೇಳುತ್ತದೆ.

ಒಣಮಾತು

ಗುರುಗಳೇ, ನನಗೂ ರನ್ನ ಇಷ್ಟ. ಆದರೆ ಅವನು ಯುದ್ಧವಿರೋಧಿ ಅಂದರೆ ಒಪ್ಪಲಾರೆ. ಹೆಣ ತೋರಿಸಿದ ಮಾತ್ರಕ್ಕೆ ಯುದ್ಧ ಬೇಡ ಅಂದ ಹಾಗಲ್ಲ. ಅದೇ ಕಾವ್ಯದಲ್ಲಿ ಮುಂದೆ ಗದೆಗೆ ಗದೆ ತಾಗಿ ಕಿಡಿ ಹಾರುವಾಗ ಓದುಗನಿಗೆ ಮೈ ಜುಮ್ಮೆನ್ನಲಿ ಅಂತಲೇ ಕವಿ ಬರೆದಿರೋದು.

ಎರ್ನ್ಸ್ಟ್ ಯುಂಗರ್ ಅಂತ ಒಬ್ಬ. ರೆಮಾರ್ಕ್ ಥರವೇ ಜರ್ಮನ್, ಅದೇ ವೆಸ್ಟರ್ನ್ ಫ್ರಂಟ್. ಎಷ್ಟೋ ಸಲ ಗಾಯ ಆಗಿದೆ. 1920ರಲ್ಲಿ 'ಸ್ಟಾರ್ಮ್ ಆಫ್ ಸ್ಟೀಲ್' ಬರೆದ. ಅದರಲ್ಲೂ ಛಿದ್ರವಾದ ದೇಹಗಳಿವೆ, ಕೊಳೆತ ಹೆಣಗಳಿವೆ, ಯಾವುದನ್ನೂ ಮುಚ್ಚಿಟ್ಟಿಲ್ಲ. ಆದರೆ ಅವನಿಗೆ ಯುದ್ಧ ಅಂದರೆ ಮನುಷ್ಯನನ್ನು ಪುಟಕ್ಕಿಟ್ಟು ನೋಡುವ ಬೆಂಕಿ. ಕಂಡ ದೃಶ್ಯ ಒಂದೇ, ತೀರ್ಮಾನ ಮಾತ್ರ ಪೂರಾ ಉಲ್ಟಾ. ಹಾಗಾದರೆ ಭೀಕರತೆ ತೋರಿಸಿದರೆ ಜನ ಬದಲಾಗ್ತಾರೆ ಅನ್ನೋ ವಾದ ಬಿತ್ತು.

ಕಿಟಕಿ

ಒಣಮಾತು ಅವರು ಹೇಳಿದ್ದರಲ್ಲಿ ಅರ್ಧ ಒಪ್ಪಿದೆ. ಭೀಕರತೆಯಿಂದ ಕೆಲಸ ಆಗಲ್ಲ. ಹಾಗಾದರೆ ಯಾವುದರಿಂದ ಆಗುತ್ತೆ ಅಂದರೆ, ನನ್ನ ಅನುಭವದಲ್ಲಿ ತೀರಾ ಸಣ್ಣ ಸಂಗತಿಗಳಿಂದ.

ಬೆಲಾರುಸ್‌ನ ಲೇಖಕಿ ಸ್ವೆತ್ಲಾನಾ ಅಲೆಕ್ಸಿಯೇವಿಚ್ ಎರಡನೇ ಮಹಾಯುದ್ಧದಲ್ಲಿ ಹೋರಾಡಿದ ಸೋವಿಯೆತ್ ಹೆಂಗಸರನ್ನು ಹುಡುಕಿ ಹುಡುಕಿ ಮಾತಾಡಿಸಿದರು. ಸ್ನೈಪರ್‌ಗಳು, ನರ್ಸ್‌ಗಳು, ಪೈಲಟ್‌ಗಳು, ಬಟ್ಟೆ ಒಗೆಯುವವರು. ಹಾಗೆ ಹುಟ್ಟಿದ್ದು 'ಅನ್‌ವುಮನ್ಲಿ ಫೇಸ್ ಆಫ್ ವಾರ್'. 1985ರಲ್ಲಿ ಬಂತು, ಅದೂ ಸೆನ್ಸಾರ್‌ನವರು ಕತ್ತರಿ ಆಡಿಸಿದ ಮೇಲೆ. ಆಮೇಲಿನ ಆವೃತ್ತಿಯಲ್ಲಿ ಅವರು ಕತ್ತರಿಸಿದ ತುಂಡುಗಳನ್ನೂ, ಸೆನ್ಸಾರ್ ಅಧಿಕಾರಿಯ ಜೊತೆ ನಡೆದ ಮಾತುಕತೆಯನ್ನೂ ಸೇರಿಸಿದರು. 2015ರಲ್ಲಿ ನೊಬೆಲ್.

ಅದರಲ್ಲಿ ಒಂದು ಮನೆ. ಹೆಂಡತಿ ಯುದ್ಧದ ಕಥೆ ಹೇಳಬೇಕು. ಗಂಡ ಒಲ್ಲದ ಮನಸ್ಸಿನಿಂದ ಎದ್ದು ಒಳಗೆ ಹೋಗುತ್ತಾನೆ. ಹೋಗುವಾಗ ಹೇಳುತ್ತಾನೆ: ನಾನು ಹೇಳಿಕೊಟ್ಟ ಹಾಗೇ ಹೇಳು. ಅಳಬೇಡ. ಜಡೆ ಕತ್ತರಿಸಿದಾಗ ಅತ್ತೆ, ಚೆಂದ ಕಾಣಬೇಕು ಅನ್ನಿಸ್ತಿತ್ತು, ಅಂಥ ಹೆಂಗಸರ ಕಥೆ ಎಲ್ಲ ಬೇಡ ಅಂತ.

ಅವನಿಗೆ ಬೇಕಾದದ್ದು ಯಾವ ಸೇನೆ ಯಾವ ದಿನ ಎಲ್ಲಿತ್ತು ಅನ್ನೋದು. ಅಲೆಕ್ಸಿಯೇವಿಚ್‌ಗೆ ಬೇಕಾದದ್ದು ಆ ಜಡೆ. ಯುಂಗರ್ ಪುಸ್ತಕ ಓದಿ ಯಾರಾದರೂ ಸೈನ್ಯ ಸೇರಬಹುದು. ಜಡೆಯ ಮಾತು ಓದಿ ಸೇರೋದು ಕಷ್ಟ.

ಬೆಳಗಿನ_ಓದು

ಕಿಟಕಿ ಮೇಡಂ, ಇದನ್ನು ಓದಿ ಎದ್ದು ಪುಸ್ತಕ ಹುಡುಕಿದೆ. ಯಾರಿಗೋ ಕೊಟ್ಟು ಕಳ್ಕೊಂಡಿದ್ದೀನಿ. ಈ ಪುಸ್ತಕಗಳ ಹಣೆಬರಹವೇ ಇಷ್ಟು.

ಸಣ್ಣ ಸಂಗತಿ ಅಂದಾಗ ಪತ್ರಕರ್ತ ಜಾನ್ ಹರ್ಸಿಯ 'ಹಿರೋಷಿಮಾ' ನೆನಪಾಯಿತು. 1946ರ ಆಗಸ್ಟ್ 31ರ ನ್ಯೂಯಾರ್ಕರ್ ಪತ್ರಿಕೆಯ ಸಂಚಿಕೆಯನ್ನು ಪೂರ್ತಿ ಆ ಒಂದು ಬರಹಕ್ಕೇ ಬಿಟ್ಟುಕೊಟ್ಟರು. ಬಾಂಬಿನ ಶಕ್ತಿ, ರಾಜಕಾರಣ ಇವುಗಳಿಂದ ಅದು ಶುರುವಾಗುವುದಿಲ್ಲ. ಬೆಳಿಗ್ಗೆ ಎಂಟೂಕಾಲಿಗೆ ಬದುಕುಳಿದ ಆರು ಜನ ಏನು ಮಾಡ್ತಿದ್ದರು ಅನ್ನೋದರಿಂದ ಶುರು. ತವರದ ಕಾರ್ಖಾನೆಯೊಂದರ ಗುಮಾಸ್ತೆ ಆಗತಾನೇ ಕುರ್ಚಿಯಲ್ಲಿ ಕೂತು, ಪಕ್ಕದ ಮೇಜಿನ ಹುಡುಗಿಯ ಜೊತೆ ಏನೋ ಮಾತಾಡೋಕೆ ತಲೆ ತಿರುಗಿಸುತ್ತಿದ್ದಳು. ಅಷ್ಟೇ. ಹಿಂದಿದ್ದ ಪುಸ್ತಕದ ಕಪಾಟು ಅವಳ ಮೇಲೆ ಬಿತ್ತು, ಕಾಲು ಮುರಿಯಿತು. ಅಣುಬಾಂಬ್ ಬಿದ್ದ ಗಳಿಗೆಯಲ್ಲಿ ಅವಳು ಸಿಕ್ಕಿಬಿದ್ದದ್ದು ಪುಸ್ತಕಗಳ ಕೆಳಗೆ.

ಸತ್ತವರ ಲೆಕ್ಕ ನನಗೆ ಎಷ್ಟು ಸಲ ಓದಿದರೂ ಮರೆತುಹೋಗುತ್ತೆ. ಆ ತಲೆ ತಿರುಗಿಸಿದ್ದು ಮರೆಯಲ್ಲ.

ಶಾಸನಪ್ರಿಯ

ಲೆಕ್ಕದ ಮಾತು ಬಂತಲ್ಲ. ಅಶೋಕನ 13ನೇ ಬಂಡೆಗಲ್ಲು ಶಾಸನ ನೋಡಿ. ಕಳಿಂಗದಲ್ಲಿ ಒಂದೂವರೆ ಲಕ್ಷ ಜನರನ್ನು ಸೆರೆಹಿಡಿದು ಒಯ್ಯಲಾಯಿತು, ಒಂದು ಲಕ್ಷ ಜನ ಸತ್ತರು, ಅದರ ಎಷ್ಟೋ ಪಟ್ಟು ಆಮೇಲೆ ಸತ್ತರು ಅಂತ ಗೆದ್ದ ರಾಜನೇ ಕಲ್ಲಿನ ಮೇಲೆ ಬರೆಸಿದ. ಪಶ್ಚಾತ್ತಾಪ ಪಟ್ಟ. ಆದರೆ ಕಳಿಂಗದಲ್ಲೇ ಇರುವ ಧೌಲಿ ಮತ್ತು ಜೌಗಡದ ಬಂಡೆಗಳಲ್ಲಿ ಈ ಶಾಸನ ಇಲ್ಲ! ಅದರ ಜಾಗದಲ್ಲಿ ಬೇರೆ ಶಾಸನಗಳಿವೆ. ಯಾರ ಮನೆ ಸುಟ್ಟಿತೋ ಅವರಿಗೆ ಕ್ಷಮೆಯ ಮಾತು ಓದಿಸಲಿಲ್ಲ. ಅದೇ ಶಾಸನದಲ್ಲಿ ಕಾಡಿನ ಜನರಿಗೆ, ಪಶ್ಚಾತ್ತಾಪ ಪಟ್ಟಿದ್ದೇನೆ ಆದರೂ ನನಗೆ ಶಕ್ತಿ ಇದೆ ಅನ್ನುವ ಎಚ್ಚರಿಕೆಯೂ ಇದೆ.

ಇದು ಸಾಹಿತ್ಯ ಅಲ್ಲ ಅಂತ ಬೈಬೇಡಿ.

ಒಣಮಾತು

ಬೈಯಲ್ಲ. ಇಡೀ ಚರ್ಚೆಯಲ್ಲಿ ನನಗೆ ಹೊಸದಾಗಿ ಗೊತ್ತಾದದ್ದು ಇದೊಂದೇ.

ಎರಡನೇ_ಸಾಲು

ಒಣಮಾತು ಅವರೇ, ಒಂದು ಪ್ರಶ್ನೆ. ಈ ಪುಸ್ತಕಗಳಿಂದ ಏನೂ ಆಗಲ್ಲ ಅಂದರೆ ನಾಜಿಗಳು ಯಾಕೆ ಅಷ್ಟು ತಲೆ ಕೆಡಿಸಿಕೊಂಡರು? 1930ರ ಡಿಸೆಂಬರ್‌ನಲ್ಲಿ ಬರ್ಲಿನ್‌ನಲ್ಲಿ ರೆಮಾರ್ಕ್ ಕಾದಂಬರಿಯ ಸಿನಿಮಾ ಬಂದಾಗ ನಾಜಿ ಪ್ರಚಾರದ ಮುಖ್ಯಸ್ಥ ಗೋಬೆಲ್ಸ್ ಕಡೆಯವರು ಥಿಯೇಟರ್ ಒಳಗೆ ನಾರುವ ಬಾಂಬ್ ಎಸೆದರು, ಬಿಳಿ ಇಲಿ ಬಿಟ್ಟರು. ಕೆಲವೇ ದಿನದಲ್ಲಿ ಸಿನಿಮಾ ನಿಷೇಧ ಆಯಿತು. 1933ರ ಮೇ 10ಕ್ಕೆ ಪುಸ್ತಕ ಬೆಂಕಿಗೆ ಬಿತ್ತು. 1938ರಲ್ಲಿ ರೆಮಾರ್ಕ್‌ನ ಪೌರತ್ವ ಕಿತ್ತುಕೊಂಡರು. ಅವನು ಸಿಗಲಿಲ್ಲ. ಯುದ್ಧದಲ್ಲಿ ಸೋಲ್ತೀವಿ ಅಂದಳು ಅಂತ 1943ರಲ್ಲಿ ಅವನ ತಂಗಿಯ ತಲೆ ಕಡಿದರು.

ಒಣಮಾತು

ಸುಟ್ಟರು ಅಂದ ಮಾತ್ರಕ್ಕೆ ಪುಸ್ತಕ ಗೆದ್ದಿತು ಅಂತ ಆಗಲ್ಲ. ಅವರು ಸುಟ್ಟರು, ಯುದ್ಧವನ್ನೂ ಮಾಡಿದರು. ಎರಡೂ ಅವರ ಇಷ್ಟದಂತೆಯೇ ಆಯಿತು.

ಆದರೆ ಒಂದು ಒಪ್ಪುತ್ತೇನೆ. ಹೆದರಿಕೆ ಇತ್ತು. ಯಾವುದರ ಹೆದರಿಕೆ ಅಂದರೆ, ಆಗಿಹೋದ ಯುದ್ಧವನ್ನು ಯಾರು ಹೇಳಬೇಕು ಅನ್ನೋದರದು. ನಾವು ಸೋತಿದ್ದಲ್ಲ, ಬೆನ್ನಿಗೆ ಚೂರಿ ಹಾಕಿದರು ಅನ್ನುವ ಕಥೆ ಅವರಿಗೆ ಬೇಕಿತ್ತು. 'ನಾನು ಅಲ್ಲಿದ್ದೆ, ನನ್ನ ಗೆಳೆಯ ಹೀಗೆ ಸತ್ತ' ಅನ್ನುವವನು ಪಕ್ಕದಲ್ಲಿದ್ದರೆ ಆ ಕಥೆ ಓಡುವುದಿಲ್ಲ. ಪುಸ್ತಕ ಮುಂದಿನ ಯುದ್ಧವನ್ನು ತಡೆಯಲಿಲ್ಲ. ಹಿಂದಿನ ಯುದ್ಧದ ಬಗ್ಗೆ ಸುಳ್ಳು ಹೇಳೋದನ್ನು ಕಷ್ಟ ಮಾಡಿತು. ಬೆಳಗಿನ ಓದು ಅವರೇ, ಇಷ್ಟು ಬೇಕಾದರೆ ನಿಮ್ಮ ಅಕ್ಕನ ಮಗಳಿಗೆ ಹೇಳಿ.

ಕಿಟಕಿ

ಒಣಮಾತು ಮೆತ್ತಗಾದರು! ಸ್ಕ್ರೀನ್‌ಶಾಟ್ ತೆಗೆದಿಟ್ಟುಕೊಂಡೆ.

ಓವೆನ್ ವಿಷಯದಲ್ಲೂ ಹಾಗೇ. ದೇಶಕ್ಕಾಗಿ ಸಾಯೋದು ಸಿಹಿ ಅಂತ ರೋಮಿನ ಕವಿ ಹೊರೇಸ್ ಬರೆದ ಲ್ಯಾಟಿನ್ ಸಾಲನ್ನು ಶಾಲೆಗಳಲ್ಲಿ ಬಾಯಿಪಾಠ ಮಾಡಿಸುತ್ತಿದ್ದರು. ಓವೆನ್ ಅದೇ ಸಾಲನ್ನು ತಗೊಂಡು, ವಿಷದ ಗಾಳಿ ಕುಡಿದು ಗಾಡಿಯಲ್ಲಿ ಬಿದ್ದಿರುವ ಒಬ್ಬನ ಪಕ್ಕ ಇಟ್ಟ. ಆಮೇಲೆ ಆ ಸಾಲನ್ನು ನೆಟ್ಟಗೆ ಹೇಳೋಕೆ ಯಾರಿಗೂ ಆಗಲಿಲ್ಲ. ಇವತ್ತು ಹೊರೇಸ್‌ನ ಸಾಲು ಗೊತ್ತಿರುವ ಬಹಳ ಜನಕ್ಕೆ ಅದು ಓವೆನ್ ಮೂಲಕವೇ ಗೊತ್ತು. ಅವನು ಬದುಕಿದ್ದಾಗ ಅಚ್ಚಾದ ಕವಿತೆಗಳು ಬೆರಳೆಣಿಕೆಯಷ್ಟು. 1936ರಲ್ಲಿ ಐರಿಷ್ ಕವಿ ಯೇಟ್ಸ್ ತಾನು ಸಂಪಾದಿಸಿದ ಕವನಸಂಕಲನದಿಂದ ಅವನನ್ನು ಹೊರಗಿಟ್ಟ, ಸುಮ್ಮನೆ ನೋವು ಉಣ್ಣುವುದು ಕಾವ್ಯದ ವಸ್ತು ಅಲ್ಲ ಅಂತ. ಯೇಟ್ಸ್ ದೊಡ್ಡ ಕವಿ, ನನಗೂ ಇಷ್ಟ. ಆದರೆ ಇಲ್ಲಿ ತಪ್ಪಿದ.

ಇನ್ನೊಂದು. ಒಣಮಾತು ಅವರೇ, ನೀವು ಯೂರಿಪಿಡೀಸ್‌ನನ್ನು ಸೋತವರ ಪಟ್ಟಿಗೆ ಸೇರಿಸಿದ್ದೀರಿ. 2013ರಲ್ಲಿ ಸಿರಿಯಾದಿಂದ ಓಡಿಬಂದ ಹೆಂಗಸರು ಜೋರ್ಡಾನ್‌ನಲ್ಲಿ ಅದೇ ನಾಟಕ ಆಡಿದರು. ಹಿಂದೆ ರಂಗ ಹತ್ತಿದವರಲ್ಲ. ನಾಟಕದ ಮಾತಿನ ನಡುವೆ ತಮ್ಮದೇ ಕಥೆ ಸೇರಿಸಿಕೊಂಡು ಹೇಳಿದರು. ಅಥೆನ್ಸಿನವರು ಕೇಳಿಸಿಕೊಳ್ಳಲಿಲ್ಲ, ನಿಜ. ಆದರೆ 2,400 ವರ್ಷ ಆದಮೇಲೆ ಮನೆ ಕಳೆದುಕೊಂಡ ಹೆಂಗಸಿಗೆ ಹೇಳಿಕೊಳ್ಳೋಕೆ ಒಂದು ದಾರಿ ಸಿಕ್ಕಿತು. ನಾಟಕ ಯಾರಿಗೆ ಬೇಕಿತ್ತೋ ಅವರಿಗೆ ತಲುಪಿತು ಅಂತ ನಾನು ಅಂದುಕೊಳ್ತೀನಿ.

ಕೆಚ್ಚೆದೆ

ಸಿಪಾಯಿ ಸರ್, ನಿನ್ನೆ ಬರೆದದ್ದಕ್ಕೆ ಬೇಜಾರು ಮಾಡ್ಕೋಬೇಡಿ. ನಾನು ಇದರಲ್ಲಿ ಯಾವುದನ್ನೂ ಓದಿಲ್ಲ. ಒಂದೇ ಓದಬೇಕು ಅಂದರೆ ಯಾವುದು?

ನಿವೃತ್ತ_ಸಿಪಾಯಿ

ಬೇಜಾರೇನಿಲ್ಲ. ನಿನ್ನ ವಯಸ್ಸಿನಲ್ಲಿ ನಾನೂ ಅದನ್ನೇ ಬರೆಯುತ್ತಿದ್ದೆ.

ರೆಮಾರ್ಕ್ ಓದು. ಪೂರ್ತಿ ಆಗದಿದ್ದರೆ ಒಂದು ಭಾಗ ಮಾತ್ರ ಓದು. ಪಾಲ್ ಒಂದು ಗುಂಡಿಯಲ್ಲಿ ಅಡಗಿದ್ದಾನೆ. ಮೇಲಿನಿಂದ ಒಬ್ಬ ಫ್ರೆಂಚ್ ಸೈನಿಕ ಬೀಳುತ್ತಾನೆ. ಯೋಚನೆಗೂ ಮುಂಚೆ ಪಾಲ್ ಚೂರಿ ಹಾಕಿಬಿಡುತ್ತಾನೆ. ಆದರೆ ಆ ಮನುಷ್ಯ ಬೇಗ ಸಾಯುವುದಿಲ್ಲ. ಹೊರಗೆ ಗುಂಡು ಹಾರುತ್ತಿದೆ, ಹೋಗುವಂತಿಲ್ಲ. ಗಂಟೆಗಟ್ಟಲೆ ಪಕ್ಕದಲ್ಲೇ ಕೂತು ಅವನ ಉಸಿರು ಕೇಳಬೇಕು. ನೀರು ಕುಡಿಸುತ್ತಾನೆ, ಗಾಯಕ್ಕೆ ಕಟ್ಟು ಕಟ್ಟುತ್ತಾನೆ. ಸತ್ತ ಮೇಲೆ ಜೇಬಿನಿಂದ ಪಾಕೀಟು ತೆಗೆದು ನೋಡುತ್ತಾನೆ. ಒಬ್ಬ ಹೆಂಗಸು, ಪುಟ್ಟ ಮಗಳು, ಅವರ ಫೋಟೋ. ಹೆಸರು ಜೆರಾರ್ ದುವಾಲ್. ಕೆಲಸ ಅಚ್ಚುಮೊಳೆ ಜೋಡಿಸುವುದು.

ನಿನ್ನ ಮನೆಯವರಿಗೆ ಕಾಗದ ಬರೀತೀನಿ, ನಿನ್ನ ಬದಲು ನಾನು ಅಚ್ಚು ಕೆಲಸ ಮಾಡ್ತೀನಿ ಅಂತೆಲ್ಲ ಹೆಣದ ಹತ್ತಿರ ಮಾತು ಕೊಡುತ್ತಾನೆ. ಆಮೇಲೆ ಗೆಳೆಯರ ಹತ್ತಿರ ವಾಪಸ್ ಬಂದು ಹೇಳಿದರೆ ಅವರು, ಅಗೋ ಆ ಸ್ನೈಪರ್ ನೋಡು, ಅವನು ಎಷ್ಟು ಹೊಡೆದ ಅಂತ ಲೆಕ್ಕ ಇಡ್ತಾನೆ, ನೀನು ಒಬ್ಬನಿಗೆ ಇಷ್ಟು ಮಾಡ್ತೀಯಾ ಅಂತಾರೆ. ಇವನಿಗೂ ಹೌದು ಅನ್ನಿಸುತ್ತದೆ. ಯುದ್ಧ ಅಂದ್ರೆ ಯುದ್ಧ ಅಷ್ಟೇ ಅಂದುಕೊಳ್ಳುತ್ತಾನೆ.

ಬೆಳಗಿನ_ಓದು

ಸಿಪಾಯಿ ಸರ್ ಬರೆದದ್ದನ್ನು ಅಕ್ಕನ ಮಗಳಿಗೆ ತೋರಿಸಿದೆ. ಒಣಮಾತು ಅವರದ್ದನ್ನೂ ಓದಿ ಹೇಳಿದೆ. "ಹ್ಞೂಂ, ಇದು ನಿನ್ನ ಉತ್ತರಕ್ಕಿಂತ ಪರವಾಗಿಲ್ಲ" ಅಂದಳು.

ಸ್ವಲ್ಪ ಹೊತ್ತು ಬಿಟ್ಟು ಬಂದು, "ಮಾಮ, ಆ ಪುಸ್ತಕ ಇನ್ನೊಂದು ಸಲ ಕೊಡು" ಅಂದಳು. ಯಾಕೆ ಅಂದೆ. ಅವನು ಆ ಹೆಂಗಸಿಗೆ ಕಾಗದ ಬರೆದನಾ ಇಲ್ಲವಾ ನೋಡಬೇಕಂತೆ. ಓದುವಾಗ ಗಮನಿಸಿರಲಿಲ್ಲವಂತೆ.

ರಾತ್ರಿ ಇಬ್ಬರೂ ಕೂತು ಅಲ್ಲಿಂದ ಕೊನೆಯವರೆಗೂ ಪುಟ ತಿರುವಿದೆವು. ಪಾಲ್ ಸಾಯುವ ದಿನದವರೆಗೆ, ಆ ದಿನದ ಸೇನಾ ವರದಿಯ ಒಂದೇ ಸಾಲಿನವರೆಗೆ. ಆ ಕಾಗದದ ಮಾತು ಎಲ್ಲೂ ಬರುವುದಿಲ್ಲ. ಅವಳು ಪುಸ್ತಕ ವಾಪಸ್ ಕೊಟ್ಟಿಲ್ಲ.